ಪಹಣಿಯಲ್ಲಿ ಒಂದು ಹೆಸರು, ಹೊಲದಲ್ಲಿ ಇನ್ನೊಬ್ಬರು: ಜಮೀನು ತಕರಾರಿಗೆ ಯಾವ ಬಾಗಿಲು ತಟ್ಟಬೇಕು?

ಪಹಣಿಯಲ್ಲಿ ಅಣ್ಣನ ಹೆಸರಿದೆ. ಉಳುತ್ತಿರುವುದು ತಮ್ಮ. ಕ್ರಯಪತ್ರ ಇರುವುದು ತೀರಿಹೋದ ಅಪ್ಪನ ಹೆಸರಿನಲ್ಲಿ. ಬಾಂದುಕಲ್ಲು ಪಕ್ಕದವರ ಅಡಿಕೆ ಸಾಲಿನೊಳಗೆ ಸಿಕ್ಕಿಕೊಂಡಿದೆ. ಕರ್ನಾಟಕದ ಯಾವ ತಾಲ್ಲೂಕು ಕಚೇರಿಯ ಮುಂದೆ ನಿಂತರೂ ಇವುಗಳಲ್ಲಿ ಒಂದಾದರೂ ಕಿವಿಗೆ ಬೀಳುತ್ತದೆ. ಎಷ್ಟೋ ಸಲ ನಾಲ್ಕೂ ಒಂದೇ ಮನೆಯವಾಗಿರುತ್ತವೆ, ಮನೆಯವರು ಅದನ್ನು "ಜಮೀನಿನ ಗಲಾಟೆ" ಎಂದು ಒಂದೇ ಗಂಟು ಕಟ್ಟಿಟ್ಟಿರುತ್ತಾರೆ.

ಗಂಟು ಬಿಚ್ಚಿದರೆ ಒಳಗಿರುವುದು ನಾಲ್ಕು ಬೇರೆ ಪ್ರಶ್ನೆಗಳು. ಕಂದಾಯ ದಾಖಲೆಯಲ್ಲಿ ಯಾರ ಹೆಸರಿರಬೇಕು? ಇದಕ್ಕೆ ತಹಶೀಲ್ದಾರ್. ಜಮೀನು ನಿಜವಾಗಿ ಯಾರದು? ಇದಕ್ಕೆ ಸಿವಿಲ್ ಕೋರ್ಟ್. ಗಡಿ ಎಲ್ಲಿದೆ? ಇದಕ್ಕೆ ಸರ್ವೆ ಇಲಾಖೆ. ಇವತ್ತು ಹೊಲ ಯಾರ ಕೈಯಲ್ಲಿದೆ, ಅವರನ್ನು ಎಬ್ಬಿಸಬಹುದೇ? ಇದಕ್ಕೂ ಸಿವಿಲ್ ಕೋರ್ಟೇ, ಹೊಡೆದಾಟದ ಹಂತ ಮುಟ್ಟಿದ್ದರೆ ತಾಲ್ಲೂಕು ದಂಡಾಧಿಕಾರಿ. ಒಂದರ ಪ್ರಶ್ನೆಯನ್ನು ಇನ್ನೊಂದರ ಮುಂದಿಟ್ಟವರು ವರ್ಷಗಟ್ಟಲೆ ಅಲೆದು, ಕೊನೆಗೆ "ಸಿವಿಲ್ ನ್ಯಾಯಾಲಯದಲ್ಲಿ ಪರಿಹಾರ ಪಡೆದುಕೊಳ್ಳತಕ್ಕದ್ದು" ಎಂಬ ಒಂದು ಸಾಲಿನ ಹಿಂಬರಹ ಹಿಡಿದು ಹೊರಗೆ ಬರುತ್ತಾರೆ.

ಪಹಣಿ ಹೇಳುವುದೇನು, ಹೇಳದೇ ಇರುವುದೇನು

ಪಹಣಿ ಅಂದರೆ ಆರ್‌ಟಿಸಿ, ನಮೂನೆ 16. ತಕರಾರಿನಲ್ಲಿ ಓದಬೇಕಾದ ಕಾಲಂಗಳು ಐದೇ. 3ನೆಯದರಲ್ಲಿ ಒಟ್ಟು ವಿಸ್ತೀರ್ಣ, ಅದರಲ್ಲಿ ಸಾಗುವಳಿಗೆ ಸಿಗದ ಅ ಖರಾಬು, ಬ ಖರಾಬು ಕಳೆದು ಉಳಿದದ್ದು. 9ರಲ್ಲಿ ಸ್ವಾಧೀನದಾರರ ಹೆಸರು. 10ರಲ್ಲಿ ಆ ಹೆಸರು ಯಾವ ದಾರಿಯಲ್ಲಿ ಬಂತು ಎಂಬುದು, ಅಂದರೆ ಎಂ.ಆರ್. (ಮ್ಯುಟೇಶನ್ ರಿಜಿಸ್ಟರ್, ಖಾತೆ ಬದಲಾವಣೆಯ ವಹಿ) ಸಂಖ್ಯೆ. 11ರಲ್ಲಿ ಬ್ಯಾಂಕ್ ಸಾಲ, ಕೋರ್ಟ್ ಆದೇಶ ಮುಂತಾದ ಹಕ್ಕು ಮತ್ತು ಋಣ. 12ರಲ್ಲಿ ಸಾಗುವಳಿ ಮತ್ತು ಬೆಳೆ.

ಎಲ್ಲರ ಕಣ್ಣೂ 9ನೇ ಕಾಲಂ ಮೇಲೆ. ತಕರಾರಿನ ಬೇರು ಇರುವುದು ಮಾತ್ರ 10ರಲ್ಲಿ. ಹೆಸರು ಬರೀ ಹೆಸರು, ಎಂ.ಆರ್. ಅದರ ಕಾರಣ. ಕರ್ನಾಟಕ ಭೂ ಕಂದಾಯ ಕಾಯ್ದೆ, 1964ರ ಸೆಕ್ಷನ್ 133ರ ಪ್ರಕಾರ ಹಕ್ಕುದಾಖಲೆಯ ನಮೂದನ್ನು ನಿಜವೆಂದೇ ಭಾವಿಸಬೇಕು, ಆದರೆ ಬೇರೆ ಎಂದು ಸಾಬೀತಾಗುವ ತನಕ ಮಾತ್ರ. ಖಾತೆ ಬದಲಾವಣೆ ಹಕ್ಕನ್ನು ಹುಟ್ಟಿಸುವುದೂ ಇಲ್ಲ, ಇದ್ದ ಹಕ್ಕನ್ನು ಅಳಿಸುವುದೂ ಇಲ್ಲ, ಕಂದಾಯ ಯಾರಿಂದ ವಸೂಲು ಮಾಡಬೇಕು ಎಂಬುದಕ್ಕೆ ಅದು ಇರುವುದು ಎಂದು ಸುಪ್ರೀಂ ಕೋರ್ಟ್ 1996ರ ಸಾವರ್ಣಿ ಪ್ರಕರಣದಿಂದ ಈಚೆಗೆ ಮತ್ತೆ ಮತ್ತೆ ಹೇಳಿದೆ. "ಮೂವತ್ತು ವರ್ಷದಿಂದ ಪಹಣಿ ನನ್ನ ಹೆಸರಿಗೇ ಬರುತ್ತಿದೆ, ಕಂದಾಯ ನಾನೇ ಕಟ್ಟುತ್ತಿದ್ದೇನೆ" ಎಂಬ ಮಾತಿಗೆ ಕೋರ್ಟಿನಲ್ಲಿ ತೂಕವಿದೆ, ನಿಜ. ಆದರೆ ಎದುರಿನವರು ನೋಂದಾಯಿತ ಪತ್ರ ಮುಂದಿಟ್ಟ ಕ್ಷಣ ಆ ತೂಕ ಇಳಿಯುತ್ತದೆ.

ಮೊದಲು ಎಂ.ಆರ್. ಹಿಡಿದು ಹಿಂದಕ್ಕೆ ಹೋಗಿ

ವಕೀಲರ ಹತ್ತಿರ ಹೋಗುವ ಮುಂಚೆ ಮಾಡಬಹುದಾದ ಕೆಲಸ ಇದು, ಖರ್ಚೂ ಕಡಿಮೆ. ಇವತ್ತಿನ ಪಹಣಿಯ 10ನೇ ಕಾಲಂನಲ್ಲಿರುವ ಎಂ.ಆರ್. ಸಂಖ್ಯೆಯ ದೃಢೀಕೃತ ನಕಲು ತೆಗೆಸಿ. ಅದರಲ್ಲಿ ಹಿಂದಿನ ಖಾತೆದಾರ ಯಾರು, ಬದಲಾವಣೆ ಕ್ರಯದಿಂದಲೋ ಪೌತಿಯಿಂದಲೋ (ಖಾತೆದಾರನ ಸಾವಿನಿಂದ) ವಿಭಾಗದಿಂದಲೋ ಎಂಬುದು ಇರುತ್ತದೆ. ಆ ಹಿಂದಿನ ಖಾತೆದಾರನ ಹೆಸರು ಬಂದ ಎಂ.ಆರ್. ಯಾವುದೋ ಅದನ್ನು ತೆಗೆಸಿ. ಹೀಗೆ ಹಿಂದೆ ಹಿಂದೆ ಹೋದರೆ ಇಂಡೆಕ್ಸ್ ಆಫ್ ಲ್ಯಾಂಡ್ಸ್ ಮತ್ತು ಮೂಲ ಹಕ್ಕುದಾಖಲೆಗೆ, ಅಂದರೆ ಕಚೇರಿ ಭಾಷೆಯ ಐ.ಎಲ್. ಮತ್ತು ಆರ್.ಆರ್.ಗೆ ಮುಟ್ಟುತ್ತೀರಿ. ಭೂಮಿ ಯೋಜನೆಯಲ್ಲಿ 2000ದ ಆಸುಪಾಸಿನಲ್ಲಿ ಪಹಣಿಗಳು ಗಣಕಕ್ಕೆ ಏರಿದವು. ಅದಕ್ಕಿಂತ ಹಿಂದಿನ ಕೈಬರಹದ ಪಹಣಿ ತಾಲ್ಲೂಕು ಕಚೇರಿಯ ದಾಖಲೆ ಕೊಠಡಿಯಲ್ಲಿರುತ್ತದೆ. ಕೈಬರಹದಿಂದ ಗಣಕಕ್ಕೆ ಇಳಿಸುವಾಗ ಗುಂಟೆ ಹೆಚ್ಚುಕಡಿಮೆಯಾದದ್ದು, ಜಂಟಿ ಹೆಸರಲ್ಲಿ ಒಂದು ಬಿಟ್ಟುಹೋದದ್ದು ಸಾಮಾನ್ಯ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದರಷ್ಟೇ ಕಾಣುವ ತಪ್ಪುಗಳು ಇವು.

ಒಂದು ಕೊಂಡಿ ಸಿಗದಿದ್ದರೆ ಬಾಯಿಮಾತಿನ "ಸಿಗಲಿಲ್ಲ ಸ್ವಾಮಿ"ಗೆ ಒಪ್ಪಿ ಬರಬೇಡಿ. ದಾಖಲೆ ಅಲಭ್ಯ ಎಂಬ ಲಿಖಿತ ಹಿಂಬರಹ ಕೇಳಿ ಪಡೆಯಿರಿ. ಎಂ.ಆರ್. ಇಲ್ಲದೆಯೇ ಪಹಣಿಯಲ್ಲಿ ಹೆಸರು ಸೇರಿದೆ ಎಂದು ತೋರಿಸಲು ಮುಂದೆ ಆ ಹಿಂಬರಹವೇ ಬೇಕಾಗುತ್ತದೆ.

ಜೊತೆಗೆ ಉಪನೋಂದಣಿ ಕಚೇರಿಯಿಂದ ಋಣಭಾರ ಪ್ರಮಾಣಪತ್ರ, ಜನ ಇ.ಸಿ. ಎನ್ನುವುದು. ಹದಿಮೂರು ವರ್ಷದ್ದು ಬ್ಯಾಂಕಿಗೆ ಸಾಕಾದೀತು, ತಕರಾರಿಗೆ ಸಾಲದು; ಕನಿಷ್ಠ ಮೂವತ್ತು ವರ್ಷದ್ದು ತೆಗೆಸಿ. ನೋಂದಣಿಯಾಗದ ಪಾಲುಪಟ್ಟಿ, ಬಾಯಿಮಾತಿನ ಭೋಗ್ಯ, ಸಾವಿನಿಂದ ಬಂದ ಹಕ್ಕು ಇವ್ಯಾವೂ ಇ.ಸಿ.ಯಲ್ಲಿ ಕಾಣುವುದಿಲ್ಲ ಎಂಬುದು ನೆನಪಿರಲಿ. ಜಿ.ಪಿ.ಎ. (ಸಾಮಾನ್ಯ ಅಧಿಕಾರಪತ್ರ) ಮೇಲೆ ಕೊಂಡ ಜಮೀನಾದರೆ 2011ರ ಸೂರಜ್ ಲ್ಯಾಂಪ್ ತೀರ್ಪು ಅಡ್ಡ ಬರುತ್ತದೆ. ಜಿ.ಪಿ.ಎ., ಕರಾರುಪತ್ರ, ಮರಣಶಾಸನ ಮೂರನ್ನೂ ಒಟ್ಟಿಗೆ ಬರೆಸಿಕೊಂಡರೂ ಕ್ರಯಪತ್ರಕ್ಕೆ ಸಮವಲ್ಲ.

ಖಾತೆಯ ತಕರಾರು: ತಹಶೀಲ್ದಾರ್, ಎ.ಸಿ., ಡಿ.ಸಿ.

ಜಮೀನಿನ ಹಕ್ಕು ಪಡೆದವರು ಮೂರು ತಿಂಗಳೊಳಗೆ ವರದಿ ಮಾಡಬೇಕೆಂದು ಅದೇ ಭೂ ಕಂದಾಯ ಕಾಯ್ದೆಯ ಸೆಕ್ಷನ್ 128 ಹೇಳುತ್ತದೆ. ನೋಂದಾಯಿತ ಪತ್ರವಾದರೆ ಈ ಗೊಡವೆ ಇಲ್ಲ, ಉಪನೋಂದಣಿ ಕಚೇರಿಯಿಂದಲೇ ಮಾಹಿತಿ ಹೋಗುತ್ತದೆ. ಹಳಬರು ಇದನ್ನು ಜೆ ಫಾರಂ ಎಂದೇ ಕರೆಯುತ್ತಾರೆ. ಆಮೇಲೆ ಸೆಕ್ಷನ್ 129ರಡಿ ಸಂಬಂಧಪಟ್ಟವರಿಗೆ ನೋಟಿಸ್, ಚಾವಡಿಯಲ್ಲಿ ಪ್ರಕಟಣೆ. ನೋಟಿಸಿನಲ್ಲಿ ಬರೆದ ಅವಧಿಯೊಳಗೆ ಯಾರೂ ತಕರಾರು ಹಾಕದಿದ್ದರೆ ಖಾತೆ ಬದಲಾಗುತ್ತದೆ. ತಕರಾರು ಬಂದರೆ ಅದು ವಿವಾದಿತ ಪ್ರಕರಣಗಳ ವಹಿಗೆ ಹೋಗಿ, ತಹಶೀಲ್ದಾರರ ಮುಂದೆ ವಿಚಾರಣೆ ನಡೆಯುತ್ತದೆ.

ತಕರಾರು ಅರ್ಜಿಯಲ್ಲಿ "ನನಗೂ ಹಕ್ಕಿದೆ, ಖಾತೆ ಮಾಡಬಾರದು" ಎಂದಷ್ಟೇ ಬರೆದರೆ ನಿಲ್ಲುವುದಿಲ್ಲ. ಎಂ.ಆರ್. ಅರ್ಜಿ ಸಂಖ್ಯೆ, ಸರ್ವೆ ಮತ್ತು ಹಿಸ್ಸಾ (ಸರ್ವೆ ನಂಬರಿನ ಉಪತುಂಡು) ಸಂಖ್ಯೆ, ನಿಮ್ಮ ಹಕ್ಕಿನ ಮೂಲ, ಅದನ್ನು ತೋರಿಸುವ ದಾಖಲೆ, ಕೋರ್ಟಿನಲ್ಲಿ ದಾವಾ ಇದ್ದರೆ ಅದರ ಸಂಖ್ಯೆ ಮತ್ತು ತಡೆಯಾಜ್ಞೆಯ ಪ್ರತಿ ಇರಬೇಕು. ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳದೆ ಕಚೇರಿಯಿಂದ ಕದಲಬೇಡಿ.

ತಹಶೀಲ್ದಾರರ ಆದೇಶ ಒಪ್ಪಿಗೆಯಾಗದಿದ್ದರೆ ಸೆಕ್ಷನ್ 136(2)ರಡಿ ಉಪವಿಭಾಗಾಧಿಕಾರಿಗೆ, ಅಂದರೆ ಎ.ಸಿ. ಕೋರ್ಟಿಗೆ, 60 ದಿನದೊಳಗೆ ಮೇಲ್ಮನವಿ. ಈ 60 ದಿನ ಆದೇಶ ತಲುಪಿದ ದಿನದಿಂದ ಅಥವಾ ನಮೂದು ಗೊತ್ತಾದ ದಿನದಿಂದ ಲೆಕ್ಕ. ತಡವಾಗಿದ್ದರೆ ವಿಳಂಬ ಮನ್ನಾ ಅರ್ಜಿ ಜೊತೆಗಿರಬೇಕು, ಯಾವ ತಾರೀಖಿನಂದು ಹೇಗೆ ಗೊತ್ತಾಯಿತೆಂದು ಅದರಲ್ಲಿ ಬಿಡಿಸಿ ಬರೆಯಬೇಕು. "ಇತ್ತೀಚೆಗೆ ತಿಳಿಯಿತು" ಎಂಬ ಪದದ ಮೇಲೆಯೇ ಎಷ್ಟೋ ಮೇಲ್ಮನವಿಗಳು ಬಿದ್ದುಹೋಗುತ್ತವೆ. ಎ.ಸಿ. ಆದೇಶದ ಮೇಲೆ 136(3)ರಡಿ ಜಿಲ್ಲಾಧಿಕಾರಿಗೆ ಪುನರ್‌ಪರಿಶೀಲನೆ, ಆಮೇಲೆ ಉಳಿಯುವುದು ಹೈಕೋರ್ಟಿನ ರಿಟ್.

ಈ ಮೂರು ಮೆಟ್ಟಿಲಿಗೂ ಒಂದು ಗೋಡೆ ಇದೆ: ಹಕ್ಕು ಯಾರದು ಎಂದು ಇವರಲ್ಲಿ ಯಾರೂ ತೀರ್ಮಾನಿಸುವಂತಿಲ್ಲ. ಮರಣಶಾಸನ ಅಸಲಿಯೋ ನಕಲಿಯೋ, ಪಾಲು ನಿಜವಾಗಿ ಆಗಿತ್ತೋ ಇಲ್ಲವೋ, ದತ್ತಕ ಊರ್ಜಿತವೋ ಎಂಬ ಪ್ರಶ್ನೆ ಎದ್ದ ಕೂಡಲೇ ಅದು ಸಿವಿಲ್ ಕೋರ್ಟಿನದು. ಸೆಕ್ಷನ್ 135ರ ಪರಂತುಕ ಇದನ್ನೇ ಹೇಳುತ್ತದೆ: ಬಾಧಿತರು ಹಕ್ಕು ಘೋಷಣೆಗೆ ದಾವಾ ಹೂಡಬಹುದು, ಡಿಕ್ರಿಗೆ ತಕ್ಕಂತೆ ನಮೂದು ತಿದ್ದಬೇಕು. ಆದ್ದರಿಂದ ಎದುರಾಳಿ ಮರಣಶಾಸನ ತೋರಿಸಿದ್ದಾನೆ, ನೀವು ಅದನ್ನು ಒಪ್ಪುವುದಿಲ್ಲ ಎಂದಾದರೆ, ಎ.ಸಿ., ಡಿ.ಸಿ. ಎಂದು ಸುತ್ತುವುದಕ್ಕಿಂತ ಮೊದಲ ದಿನವೇ ದಾವಾ ಹಾಕುವುದು ಲೇಸು. ಮರಣಶಾಸನಕ್ಕೆ ಸಾಕ್ಷಿ ಹಾಕಿದವರಲ್ಲಿ ಒಬ್ಬರನ್ನಾದರೂ ಕೋರ್ಟಿಗೆ ಕರೆತಂದು ಸಾಬೀತು ಮಾಡಬೇಕು. ಆ ಸಾಕ್ಷಿಗೆ ಎಪ್ಪತ್ತು ದಾಟಿದ್ದರೆ ಕಾಯುವಷ್ಟು ಪುರುಸೊತ್ತು ಯಾರಿಗೂ ಇಲ್ಲ.

ಪೌತಿ ಖಾತೆಯ ಬಗ್ಗೆ ಒಂದು ಮಾತು. ಅಪ್ಪ ಸತ್ತ ಮೇಲೆ ವಂಶವೃಕ್ಷದಲ್ಲಿ ಹೆಣ್ಣುಮಕ್ಕಳನ್ನು ಬಿಟ್ಟು ಗಂಡುಮಕ್ಕಳ ಹೆಸರಿಗೆ ಖಾತೆ ಮಾಡಿಸುವುದು ಊರೂರಲ್ಲೂ ನಡೆದಿದೆ. ಇದರಿಂದ ಅಕ್ಕತಂಗಿಯರ ಪಾಲು ಹೋಗುವುದಿಲ್ಲ. ಹಿಂದೂ ಉತ್ತರಾಧಿಕಾರ ಕಾಯ್ದೆಗೆ ಕರ್ನಾಟಕ ತಂದ ತಿದ್ದುಪಡಿ 1994ರ ಜುಲೈ 30ರಿಂದಲೇ ಅವಿವಾಹಿತ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಸಮಪಾಲು ಕೊಟ್ಟಿತ್ತು. 2005ರ ಕೇಂದ್ರ ತಿದ್ದುಪಡಿ ಮದುವೆಯ ಷರತ್ತು ಕಿತ್ತುಹಾಕಿತು. 2020ರ ವಿನೀತಾ ಶರ್ಮಾ ತೀರ್ಪು ಅಪ್ಪ 2005ರಲ್ಲಿ ಬದುಕಿದ್ದನೇ ಎಂಬ ಪ್ರಶ್ನೆಯನ್ನೂ ಮುಗಿಸಿತು. 2004ರ ಡಿಸೆಂಬರ್ 20ಕ್ಕಿಂತ ಮುಂಚೆ ನೋಂದಣಿಯಾದ ಅಥವಾ ಕೋರ್ಟ್ ಡಿಕ್ರಿಯಿಂದ ಆದ ವಿಭಾಗ, ಆದ ಮಾರಾಟಗಳು ಇದರ ಹೊರಗೆ. ಪೌತಿ ಖಾತೆಯಲ್ಲಿ ಒಂದು ಹೆಸರು ಬಿಟ್ಟು ಜಮೀನು ಮಾರಿದರೆ ಸಿಕ್ಕಿಬೀಳುವುದು ಕೊಂಡವರು.

ಗುಂಟೆಯ ಲೆಕ್ಕ: ತಕರಾರಿನ ಅರ್ಧಭಾಗ ಇಲ್ಲಿದೆ

ಅಣ್ಣತಮ್ಮಂದಿರ ಹಕ್ಕಿನ ಜಗಳಕ್ಕಿಂತ ಅಳತೆಯ ಜಗಳಗಳು ಹೆಚ್ಚು ವಿಚಿತ್ರ. ಅವುಗಳಲ್ಲಿ ಹಲವು ಸಲ ಇಬ್ಬರೂ ಸುಳ್ಳು ಹೇಳುತ್ತಿರುವುದಿಲ್ಲ.

ಒಂದು ಲೆಕ್ಕ ನೋಡಿ. ಒಂದು ಸರ್ವೆ ನಂಬರಿನ ಒಟ್ಟು ವಿಸ್ತೀರ್ಣ 4 ಎಕರೆ 10 ಗುಂಟೆ. ಅದರಲ್ಲಿ ಹಳ್ಳ ಮತ್ತು ಬಂಡಿದಾರಿಗೆ ಬ ಖರಾಬು 8 ಗುಂಟೆ. ಸಾಗುವಳಿಗೆ ಉಳಿದದ್ದು 4 ಎಕರೆ 2 ಗುಂಟೆ. ಮಾಲೀಕ ಖರಾಬು ಕಳೆಯುವುದನ್ನೇ ಮರೆತು, ಮೂವರಿಗೆ 1 ಎಕರೆ 20, 1 ಎಕರೆ 20, 1 ಎಕರೆ 10 ಗುಂಟೆ ಎಂದು ಮಾರಿದ. ಮೂವರ ಪತ್ರವೂ ನೋಂದಣಿಯಾಯಿತು, ಮೂವರ ಪಹಣಿಯೂ ಬಂತು. ಮೊದಲಿಬ್ಬರು ತಮ್ಮ ತುಂಡಿಗೆ ಬೇಲಿ ಹಾಕಿಕೊಂಡರು. ಮೂರನೆಯವನಿಗೆ ನೆಲದ ಮೇಲೆ ಸಿಕ್ಕಿದ್ದು 1 ಎಕರೆ 2 ಗುಂಟೆ. ಒಂದು ಗುಂಟೆ ಎಂದರೆ 33 ಅಡಿ ಚೌಕ, 1,089 ಚದರಡಿ. ಎಂಟು ಗುಂಟೆ 8,712 ಚದರಡಿ. ಅವನು ಪಕ್ಕದವನು ಒತ್ತಿದ್ದಾನೆ ಎಂದೇ ನಂಬಿ ಜಗಳಕ್ಕೆ ನಿಲ್ಲುತ್ತಾನೆ. ಒತ್ತುವರಿ ಆಗಿಯೇ ಇಲ್ಲ, ಇಲ್ಲದ ನೆಲ ಮಾರಾಟವಾಗಿದೆ.

ಅ ಖರಾಬು ಎಂದರೆ ಬಂಡೆ, ಕೊರಕಲು, ಹೊಲದ ಮನೆಯಂಥ ಸಾಗುವಳಿಗೆ ಬಾರದ ಜಾಗ, ಅದು ಖಾತೆದಾರನದೇ. ಬ ಖರಾಬು ರಸ್ತೆ, ಹಳ್ಳ, ಕೆರೆ, ಸ್ಮಶಾನದಂಥ ಸಾರ್ವಜನಿಕ ಬಳಕೆಯದು, ಅದು ಮಾರುವಂಥದ್ದಲ್ಲ. ಪಹಣಿಯ ಮೊತ್ತವನ್ನು ನಂಬುವ ಮೊದಲು ಆಕಾರ್‌ಬಂದ್ ತೆಗೆಸಿ ನೋಡಬೇಕು. ವಿಸ್ತೀರ್ಣ ಮತ್ತು ಖರಾಬಿನ ವಿಷಯದಲ್ಲಿ ಸರ್ವೆ ಇಲಾಖೆಯ ಮೂಲಪುಸ್ತಕ ಅದು. ಒಂದು ಸರ್ವೆ ನಂಬರಿನ ಎಲ್ಲಾ ಹಿಸ್ಸಾ ಪಹಣಿಗಳನ್ನು ಕೂಡಿದರೆ ಆಕಾರ್‌ಬಂದಿನ ಅಂಕಿಗೆ ತಾಳೆಯಾಗಬೇಕು. ಆಗದಿದ್ದರೆ ಮುಂದಿನ ಹೆಜ್ಜೆ ಅಳತೆಯಲ್ಲ, ದಾಖಲೆ ತಿದ್ದುಪಡಿ.

ಗಡಿಯೇ ಪ್ರಶ್ನೆಯಾದರೆ ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸುವುದಕ್ಕೆ, ಅರ್ಜಿ. ಭೂಮಾಪಕರು ಬರುವಾಗ ಕೈಯಲ್ಲಿ ಟಿಪ್ಪಣಿ ಇರಬೇಕು, ಅಂದರೆ ಮೂಲ ಅಳತೆಯ ಕೈನಕ್ಷೆ. ಜಮೀನು ಹಿಸ್ಸಾ ಆಗಿದ್ದರೆ ಹಿಸ್ಸಾ ಟಿಪ್ಪಣಿ. ಅಕ್ಕಪಕ್ಕದ ಖಾತೆದಾರರಿಗೆ ಮುಂಚಿತವಾಗಿ ನೋಟಿಸ್ ಹೋಗಿರಬೇಕು. ಸ್ಥಳದಲ್ಲಿ ಉಳಿದಿರುವ ಬಾಂದುಕಲ್ಲು, ಮೂರು ಗಡಿ ಸೇರುವ ಜಾಗ ಹುಡುಕಿ, ಅಲ್ಲಿಂದ ಟಿಪ್ಪಣಿಯ ಅಳತೆ ಎಳೆದು, ಗುರುತು ಹಾಕಿ, ಮಹಜರು ಬರೆದು ಸಹಿ ಪಡೆಯುತ್ತಾರೆ. ಇದರಲ್ಲಿ ಹಾಳಾಗುವ ಕಡೆಗಳು ಗೊತ್ತಿರುವಂಥವೇ. ಪಕ್ಕದವರಿಗೆ ನೋಟಿಸ್ ಮುಟ್ಟಿರುವುದಿಲ್ಲ. ಆ ಒಂದೇ ಕಾರಣಕ್ಕೆ ಇಡೀ ಅಳತೆ ಮೇಲ್ಮನವಿಯಲ್ಲಿ ರದ್ದಾಗುತ್ತದೆ. ಇಲ್ಲವೇ ಇಡೀ ಸರ್ವೆ ನಂಬರು ಬಿಟ್ಟು ಅರ್ಜಿದಾರನ ತುಂಡನ್ನಷ್ಟೇ ಅಳೆದಿರುತ್ತಾರೆ. ಇನ್ನೂ ಕೆಟ್ಟದ್ದೆಂದರೆ, ಟಿಪ್ಪಣಿ ಹರಿದುಹೋಗಿದೆ ಎಂದು ಈಗಿನ ಬದುವಿನ ಪ್ರಕಾರವೇ ಅಳೆದಿರುತ್ತಾರೆ. ಬದು ಸರಿದಿದೆ ಎಂಬುದೇ ತಕರಾರು ಆಗಿರುವಾಗ ಬದುವನ್ನೇ ಆಧಾರ ಮಾಡಿದರೆ ಏನು ಅಳೆದಂತಾಯಿತು?

ಸರ್ಕಾರದ ಸರ್ವೆ ನಕ್ಷೆಯ ಮೊಬೈಲ್ ಆ್ಯಪ್ ದಿಶಾಂಕ್ ತೋರಿಸುವ ಗೆರೆ ಯಾವ ಸರ್ವೆ ನಂಬರಿನ ಮೇಲೆ ನಿಂತಿದ್ದೀರಿ ಎಂದು ತಿಳಿಯಲು ಬಹಳ ಅನುಕೂಲ. ಗಡಿ ಎಷ್ಟು ಅಡಿ ಆಚೀಚೆ ಎಂಬುದಕ್ಕೆ ಅದು ಸಾಕ್ಷಿಯಲ್ಲ.

ಸರ್ವೆಯಲ್ಲಿ ಒತ್ತುವರಿ ತೋರಿದರೂ ಭೂಮಾಪಕರು ಖಾಸಗಿ ಜಮೀನಿನಿಂದ ಯಾರನ್ನೂ ಎಬ್ಬಿಸಲಾರರು. ಅವರ ಕೆಲಸ ಗೆರೆ ತೋರಿಸುವುದು. ಆ ಗೆರೆಯ ಒಳಗಿನ ನೆಲ ವಾಪಸ್ ಬೇಕಿದ್ದರೆ ಪಕ್ಕದವರು ಒಪ್ಪಿ ಬಿಡಬೇಕು, ಇಲ್ಲವೇ ಸಿವಿಲ್ ದಾವಾ.

ಪೋಡಿಯಾಗದ, ಅಂದರೆ ಅಳೆದು ಪ್ರತ್ಯೇಕ ತುಂಡು ಮಾಡದ, ಜಮೀನಿನ ಕಥೆ ಬೇರೆ. ಒಂದೇ ಪಹಣಿಯಲ್ಲಿ ಏಳು ಹೆಸರಿದ್ದರೆ ಏಳು ಜನಕ್ಕೂ ಪಾಲು ಇದೆ, ಯಾರಿಗೂ ಜಾಗ ಇಲ್ಲ. "ಪೂರ್ವದ ತುಂಡು ನನ್ನದು" ಎಂಬುದು ಅವರವರ ಒಪ್ಪಂದ, ಸರ್ವೆಗೆ ಗೊತ್ತಿಲ್ಲ. ಸರ್ವೆ ನಂಬರಿನ ಒಂದು ಭಾಗ ಮಾರುವಾಗ 11ಇ ನಕ್ಷೆ (ಮಾರುವ ತುಂಡನ್ನು ಗುರುತಿಸಿದ ಸರ್ವೆ ನಕ್ಷೆ) ಕೇಳುವುದು ಇದೇ ಕಾರಣಕ್ಕೆ. ಬಗರ್‌ಹುಕುಂ (ಅನುಮತಿಯಿಲ್ಲದೆ ಸಾಗುವಳಿ ಮಾಡುತ್ತಿದ್ದ ಸರ್ಕಾರಿ ಜಮೀನಿನ ಸಕ್ರಮ) ಮತ್ತು ದರಖಾಸ್ತಿನಲ್ಲಿ (ಅರ್ಜಿಯ ಮೇಲೆ) ಮಂಜೂರಾದ ಜಮೀನುಗಳಲ್ಲಿ ಈ ತೊಡಕು ಎಲ್ಲಕ್ಕಿಂತ ಹೆಚ್ಚು. ಸಾಗುವಳಿ ಚೀಟಿ ಕೊಟ್ಟಿರುತ್ತಾರೆ, ಸ್ಥಳದಲ್ಲಿ ಗುರುತು ಮಾಡಿರುವುದಿಲ್ಲ. ಕೆಲವು ಕಡೆ ಮಂಜೂರಾದ ಒಟ್ಟು ವಿಸ್ತೀರ್ಣ ಸರ್ವೆ ನಂಬರಿನಲ್ಲಿ ಇರುವುದಕ್ಕಿಂತಲೂ ಜಾಸ್ತಿ. ಅಂಥಲ್ಲಿ ದುರಸ್ತಿಯ ನಮೂನೆ 1ರಿಂದ 5, ಆಮೇಲೆ 6ರಿಂದ 10 ತಯಾರಾಗಿ ದುರಸ್ತಿ (ಮಂಜೂರಾದ ತುಂಡನ್ನು ಅಳೆದು ದಾಖಲೆ ಸರಿಪಡಿಸುವುದು) ಮುಗಿಯುವ ತನಕ ಪಕ್ಕದವರ ಮೇಲೆ ಒತ್ತುವರಿ ಎಂದು ದೂರುವುದರಲ್ಲಿ ಅರ್ಥವಿಲ್ಲ.

ಸಿವಿಲ್ ದಾವಾದಲ್ಲಿ ಏನನ್ನು ಕೇಳಬೇಕು

ಸಾಮಾನ್ಯವಾಗಿ ಎಲ್ಲರೂ ಮೊದಲು ಕೇಳುವುದು ಇಂಜಂಕ್ಷನ್, ಅಂದರೆ ನಿರ್ಬಂಧಕಾಜ್ಞೆ. ಖರ್ಚು ಕಡಿಮೆ, ಬೇಗ ಸಿಗುತ್ತದೆ ಎಂಬ ಲೆಕ್ಕ. ಅದು ಎಲ್ಲಿ ಸಾಕು, ಎಲ್ಲಿ ಸಾಲದು ಎಂಬುದನ್ನು 2008ರ ಅನಾತುಲ ಸುಧಾಕರ್ ತೀರ್ಪು ಬಿಡಿಸಿ ಹೇಳಿದೆ. ನಿಮ್ಮ ಹಕ್ಕು ನಿಚ್ಚಳ, ಜಮೀನು ನಿಮ್ಮ ಕೈಯಲ್ಲೇ ಇದೆ, ಯಾರೋ ಬಂದು ಅಡ್ಡಿ ಮಾಡುತ್ತಿದ್ದಾರೆ ಎಂದಾದರೆ ಬರೀ ಶಾಶ್ವತ ನಿರ್ಬಂಧಕಾಜ್ಞೆ ಸಾಕು. ನಿಮ್ಮ ಹಕ್ಕಿನ ಮೇಲೆಯೇ ಮೋಡ ಕವಿದಿದ್ದರೆ ಹಕ್ಕು ಘೋಷಣೆಯನ್ನೂ ಕೇಳಬೇಕು. ಜಮೀನು ನಿಮ್ಮ ಕೈತಪ್ಪಿದ್ದರೆ ಘೋಷಣೆ ಜೊತೆಗೆ ಸ್ವಾಧೀನವನ್ನೂ ಕೇಳಬೇಕು. ಕೇಳಬಹುದಾದದ್ದನ್ನು ಕೇಳದೆ ಬರೀ ಘೋಷಣೆ ಕೇಳಿದರೆ ನಿರ್ದಿಷ್ಟ ಪರಿಹಾರ ಕಾಯ್ದೆಯ ಸೆಕ್ಷನ್ 34ರ ಪರಂತುಕದಂತೆ ಘೋಷಣೆಯೂ ಸಿಗುವುದಿಲ್ಲ.

ಕಾಲಮಿತಿ: ಬರೀ ಘೋಷಣೆಗೆ ದಾವೆಯ ಹಕ್ಕು ಹುಟ್ಟಿದ ದಿನದಿಂದ 3 ವರ್ಷ, ಹಕ್ಕಿನ ಆಧಾರದ ಮೇಲೆ ಸ್ವಾಧೀನಕ್ಕೆ 12 ವರ್ಷ. ಕಾನೂನುಬಾಹಿರವಾಗಿ ಎಬ್ಬಿಸಿದವರ ಮೇಲೆ ಅದೇ ನಿರ್ದಿಷ್ಟ ಪರಿಹಾರ ಕಾಯ್ದೆಯ ಸೆಕ್ಷನ್ 6ರಡಿ 6 ತಿಂಗಳೊಳಗೆ ಹೋದರೆ ಹಕ್ಕಿನ ಪ್ರಶ್ನೆಯೇ ಬರುವುದಿಲ್ಲ, ಮೊನ್ನೆಮೊನ್ನೆಯವರೆಗೆ ನೀವಿದ್ದಿರಿ ಎಂದು ತೋರಿಸಿದರೆ ಸಾಕು. ಸರ್ಕಾರದ ಮೇಲೆ ಮಾತ್ರ ಈ ದಾರಿ ನಡೆಯದು. ಇದನ್ನು ಬಳಸುವವರು ಕಡಿಮೆ, ಏಕೆಂದರೆ ಆ ಆರು ತಿಂಗಳು ಪಂಚಾಯ್ತಿಕಟ್ಟೆಯಲ್ಲೇ ಕಳೆದುಹೋಗಿರುತ್ತದೆ.

ದಾವಾ ಷೆಡ್ಯೂಲಿನಲ್ಲಿ ಸರ್ವೆ ನಂಬರು, ವಿಸ್ತೀರ್ಣ, ಚೆಕ್ಕುಬಂದಿ (ನಾಲ್ಕೂ ದಿಕ್ಕಿನ ಗಡಿ ವಿವರ) ಸರಿಯಾಗಿ ಇರಬೇಕು. ಇಪ್ಪತ್ತು ವರ್ಷದ ಹಿಂದಿನ ಕ್ರಯಪತ್ರದ ಚೆಕ್ಕುಬಂದಿಯನ್ನೇ ನಕಲು ಹೊಡೆದರೆ, ಪೂರ್ವಕ್ಕೆ ಇದ್ದವರು ಎಂದೋ ಮಾರಿ ಹೋಗಿರುತ್ತಾರೆ, ಎದುರಿನ ವಕೀಲರು ಪಾಟೀಸವಾಲಿನಲ್ಲಿ ಮೊದಲು ಹಿಡಿಯುವುದೇ ಅದನ್ನು. ಗಡಿಯ ತಕರಾರಾದರೆ ಕೋರ್ಟ್ ಕಮಿಷನರ್ (ಕೋರ್ಟಿನ ಪರವಾಗಿ ಸ್ಥಳ ನೋಡುವವರು) ನೇಮಕಕ್ಕೆ ಅರ್ಜಿ ಹಾಕಿ, ಇಡೀ ಸರ್ವೆ ನಂಬರನ್ನು ಟಿಪ್ಪಣಿಯಂತೆ ಅಳೆಯಬೇಕೆಂದು ಅರ್ಜಿಯಲ್ಲೇ ಬರೆಯಿರಿ. ಸರ್ಕಾರವನ್ನು ಪ್ರತಿವಾದಿ ಮಾಡುವುದಾದರೆ ಎರಡು ತಿಂಗಳ ಮುಂಚೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 80ರ ನೋಟಿಸ್ ಬೇಕು. ತಡೆಯಾಜ್ಞೆ ಸಿಕ್ಕರೆ ಅದರ ಪ್ರತಿಯನ್ನು ತಹಶೀಲ್ದಾರರಿಗೆ ಕೊಟ್ಟು 11ನೇ ಕಾಲಂನಲ್ಲಿ ನಮೂದು ಮಾಡಿಸಿ. ಕೊಳ್ಳಲು ಬರುವವರು ಕೋರ್ಟಿನ ಕಡತ ನೋಡುವುದಿಲ್ಲ, ಪಹಣಿ ನೋಡುತ್ತಾರೆ.

"ಹನ್ನೆರಡು ವರ್ಷ ಉತ್ತರೆ ನಮ್ಮದೇ"

ಈ ಮಾತಿನಷ್ಟು ಜನರನ್ನು ದಾರಿ ತಪ್ಪಿಸಿದ ಕಾನೂನು ಜ್ಞಾನ ಇನ್ನೊಂದಿಲ್ಲ. ಪ್ರತಿಕೂಲ ಸ್ವಾಧೀನ ಎಂದರೆ ಮಾಲೀಕ ಇಂಥವನೆಂದು ಗೊತ್ತಿದ್ದು, ಅವನ ಹಕ್ಕನ್ನು ಬಹಿರಂಗವಾಗಿ ಧಿಕ್ಕರಿಸಿ, ಎಡೆಬಿಡದೆ 12 ವರ್ಷ ಅನುಭವಿಸಿದ್ದು. ಸರ್ಕಾರಿ ಜಮೀನಿನ ಮಟ್ಟಿಗೆ 30 ವರ್ಷ. ವಾರಕ್ಕೆ, ಭೋಗ್ಯಕ್ಕೆ, "ನೋಡ್ಕೊಂಡಿರಪ್ಪ" ಎಂದು ಬಿಟ್ಟುಕೊಟ್ಟದ್ದಕ್ಕೆ ಇದು ಅನ್ವಯಿಸುವುದಿಲ್ಲ, ಎಷ್ಟು ವರ್ಷವಾದರೂ ಅದು ಅನುಮತಿಯ ಸ್ವಾಧೀನವೇ. ಅಣ್ಣತಮ್ಮಂದಿರ ನಡುವೆ ಒಬ್ಬನ ಸ್ವಾಧೀನ ಎಲ್ಲರ ಸ್ವಾಧೀನ ಎಂದೇ ಲೆಕ್ಕ. "ನಿನಗೆ ಇಲ್ಲಿ ಪಾಲಿಲ್ಲ" ಎಂದು ಸ್ಪಷ್ಟವಾಗಿ ಹೊರಗಿಟ್ಟ ದಿನಾಂಕ ತೋರಿಸದಿದ್ದರೆ ಗಡಿಯಾರ ಶುರುವಾಗುವುದೇ ಇಲ್ಲ.

ಹಾಗೆಂದು ಸ್ವಾಧೀನಕ್ಕೆ ಬೆಲೆಯಿಲ್ಲ ಎಂದಲ್ಲ. ನೆಲೆಗೊಂಡ ಸ್ವಾಧೀನದಲ್ಲಿ ಇರುವವನನ್ನು ನಿಜವಾದ ಮಾಲೀಕ ಕೂಡ ತೋಳ್ಬಲದಿಂದ ಎಬ್ಬಿಸುವಂತಿಲ್ಲ, ಕಾನೂನಿನ ಮೂಲಕವೇ ಎಬ್ಬಿಸಬೇಕು ಎಂದು ರಾಮೇಗೌಡ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ರಾತ್ರೋರಾತ್ರಿ ಜೆಸಿಬಿ ತಂದು ಬೆಳೆ ತುಳಿಸಿದ ಮಾಲೀಕನ ಮೇಲೆ ಕ್ರಿಮಿನಲ್ ಕೇಸು ಬೀಳುವುದು ಹೀಗೆ. ಶಾಂತಿಭಂಗದ ಭಯವಿದ್ದರೆ ತಾಲ್ಲೂಕು ದಂಡಾಧಿಕಾರಿಗಳು ಈಗಿನ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) ಸೆಕ್ಷನ್ 164ರಡಿ, ಅಂದರೆ ಹಳೆಯ ಸಿಆರ್‌ಪಿಸಿಯ 145ರಡಿ, ಯಾರು ಸ್ವಾಧೀನದಲ್ಲಿದ್ದರು ಎಂದಷ್ಟೇ ನೋಡಿ ಆದೇಶ ಮಾಡುತ್ತಾರೆ. ಅದೂ ಸಿವಿಲ್ ಕೋರ್ಟ್ ತೀರ್ಮಾನಿಸುವ ತನಕದ ಕಾವಲು ವ್ಯವಸ್ಥೆ.

ಬೇರೆಯೇ ಬಾಗಿಲಿನ ಜಮೀನುಗಳು

ಪರಿಶಿಷ್ಟ ಜಾತಿ, ಪಂಗಡದವರಿಗೆ ಮಂಜೂರಾದ ಜಮೀನಾದರೆ 1978ರ ಪಿಟಿಸಿಎಲ್ ಕಾಯ್ದೆ, ಅಂದರೆ ಇಂಥ ಜಮೀನಿನ ಪರಭಾರೆ ತಡೆಯುವ ಕಾಯ್ದೆ. ಷರತ್ತು ಮೀರಿ ಅಥವಾ ಸರ್ಕಾರದ ಪೂರ್ವಾನುಮತಿ ಇಲ್ಲದೆ ಆದ ಮಾರಾಟ ಅಸಿಂಧು; ಮರಳಿ ಕೊಡಿಸುವ ಅರ್ಜಿ ನೇರವಾಗಿ ಎ.ಸಿ.ಗೆ, ಮೇಲ್ಮನವಿ ಡಿ.ಸಿ.ಗೆ. ತಡವಾಯಿತೆಂದು ಅರ್ಜಿ ತಳ್ಳುವುದನ್ನು ತಡೆಯಲೆಂದೇ 2023ರಲ್ಲಿ ತಿದ್ದುಪಡಿ ಬಂತು. ಗೇಣಿ ಜಮೀನುಗಳು 1974ರ ಮಾರ್ಚ್ 1ಕ್ಕೆ ಸರ್ಕಾರದಲ್ಲಿ ವಿಹಿತವಾದವು. ಫಾರಂ 7 (ಗೇಣಿದಾರರ ಅರ್ಜಿ) ಹಾಕಿದವರಿಗೆ ಭೂ ನ್ಯಾಯಮಂಡಳಿಯ ಆದೇಶ, ಫಾರಂ 10 (ಹಕ್ಕಿನ ಪ್ರಮಾಣಪತ್ರ) ಇವೇ ಮೂಲಪತ್ರ. 15 ವರ್ಷ ಮಾರುವಂತಿಲ್ಲ ಎಂಬ ಷರತ್ತನ್ನು ಮುರಿದು ಆದ ಕ್ರಯಗಳು ಇಂದಿಗೂ ತೊಡಕಾಗಿ ಏಳುತ್ತವೆ.

ಡಿಕ್ರಿ ಬಂದ ಮೇಲೆ

ವಿಭಾಗದ ದಾವಾದಲ್ಲಿ ಮೊದಲು ಬರುವುದು ಪ್ರಾಥಮಿಕ ಡಿಕ್ರಿ. ಅದರಲ್ಲಿ ನಿಮಗೆ ಮೂರರಲ್ಲಿ ಒಂದು ಪಾಲು ಎಂದಿರುತ್ತದೆ, ಯಾವ ಮೂಲೆ ಎಂದು ಇರುವುದಿಲ್ಲ. ಅದನ್ನು ಹಿಡಿದು ಹೊಲಕ್ಕೆ ಇಳಿಯಲಾಗದು. ಅಂತಿಮ ಡಿಕ್ರಿಗೆ ಸಾಮಾನ್ಯವಾಗಿ ಬೇರೆ ಅರ್ಜಿ ಹಾಕುತ್ತಾರೆ, ವಕೀಲರು ಎಫ್.ಡಿ.ಪಿ. ಎನ್ನುವುದು ಅದನ್ನೇ. ಕಂದಾಯದ ಜಮೀನಾದ್ದರಿಂದ ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 54ರಂತೆ ತುಂಡು ಮಾಡುವ ಕೆಲಸ ಕಂದಾಯ ಅಧಿಕಾರಿಗಳಿಗೆ ಬರುತ್ತದೆ, ಭೂಮಾಪಕರು ಪಾಲಿನ ನಕ್ಷೆ ಮಾಡುತ್ತಾರೆ.

ಘೋಷಣೆ, ಸ್ವಾಧೀನದ ಡಿಕ್ರಿಯಾದರೆ ಜಾರಿ ಅರ್ಜಿಗೆ 12 ವರ್ಷದ ಗಡುವಿದೆ. ಸ್ವಾಧೀನ ಕೊಡಿಸಿದ ಅಮೀನರ ವರದಿ, ಡಿಕ್ರಿಯ ದೃಢೀಕೃತ ಪ್ರತಿ, ಮೇಲ್ಮನವಿ ಬಾಕಿ ಇಲ್ಲವೆಂಬ ವಿವರ ಸೇರಿಸಿ ತಹಶೀಲ್ದಾರರಿಗೆ ಅರ್ಜಿ ಕೊಟ್ಟರೆ ಹೊಸ ಎಂ.ಆರ್. ಏಳುತ್ತದೆ. ಕೋರ್ಟಿನಲ್ಲಿ ಗೆದ್ದು ಈ ಕೊನೆಯ ಅರ್ಜಿ ಕೊಡದೇ ಬಿಟ್ಟವರು ಕಡಿಮೆಯಿಲ್ಲ. ಅವರ ಪಹಣಿಯ 9ನೇ ಕಾಲಂನಲ್ಲಿ ಸೋತವರ ಹೆಸರೇ ಮುಂದುವರಿಯುತ್ತದೆ, ಸೋತವರ ಮಕ್ಕಳು ಅದರ ಮೇಲೆ ಪೌತಿ ಖಾತೆ ಮಾಡಿಸಿಕೊಳ್ಳುತ್ತಾರೆ. ಹೊಸ ಪಹಣಿ ಕೈಗೆ ಬಂದ ದಿನ 10ನೇ ಕಾಲಂನಲ್ಲಿ ನಿಮ್ಮ ಡಿಕ್ರಿಯ ಎಂ.ಆರ್. ಸಂಖ್ಯೆ ಇದೆಯೇ, 3ನೇ ಕಾಲಂನ ಗುಂಟೆ ಡಿಕ್ರಿಯ ಗುಂಟೆಗೆ ತಾಳೆಯಾಗುತ್ತದೆಯೇ, 11ರಲ್ಲಿ ಹಳೆಯ ತಡೆಯಾಜ್ಞೆಯ ನಮೂದು ತೆಗೆದಿದ್ದಾರೆಯೇ ಎಂದು ಕಚೇರಿಯಲ್ಲೇ ನಿಂತು ನೋಡಿಕೊಳ್ಳಿ.